ಕಟಕಟೆಯ ಮುಂದಿನ ಕಥೆ: ಚಿತ್ರಕಥೆಗಾರ ಶಿನೊಬು ಹಾಶಿಮೊಟೊ

ಶಿನೊಬು ಹಾಶಿಮೊಟೊ (1918–2018) ಯುದ್ಧೋತ್ತರ ಜಪಾನಿನ ಅಗ್ರಗಣ್ಯ ಚಿತ್ರಕಥೆಗಾರರಲ್ಲಿ ಒಬ್ಬರು. ನಿರ್ದೇಶಕ ಅಕಿರಾ ಕುರೊಸಾವಾ ಅವರ ಹೆಸರನ್ನು ಜಗತ್ತಿಗೆ ಪರಿಚಯಿಸಿದ ‘ರಾಶೊಮಾನ್’, ‘ಇಕಿರು’, ‘ಸೆವೆನ್ ಸಮುರಾಯ್’ ಚಿತ್ರಗಳ ಬರವಣಿಗೆಯಲ್ಲಿ ಹಾಶಿಮೊಟೊ ಪಾಲುದಾರರು. 1950ರಿಂದ 1970ರವರೆಗೆ ಕುರೊಸಾವಾ ಅವರ ಎಂಟು ಚಿತ್ರಗಳಿಗೆ ಬರೆದರು. ಅದೇ ಹೊತ್ತಿನಲ್ಲಿ ತದಾಶಿ ಇಮಾಯ್, ಮಿಕಿಯೊ ನರುಸೆ, ಮಸಾಕಿ ಕೊಬಯಾಶಿ, ಕಿಹಾಚಿ ಒಕಮೊಟೊ, ಯೊಶಿತಾರೊ ನೊಮುರಾ ಅವರಂಥ ಒಬ್ಬರಿಗೊಬ್ಬರು ಹೋಲದ ನಿರ್ದೇಶಕರಿಗೂ ಬರೆದರು. ಮೂರು ಚಿತ್ರಗಳನ್ನು ತಾವೇ ನಿರ್ದೇಶಿಸಿದರು; ಸ್ವಂತ ನಿರ್ಮಾಣ ಸಂಸ್ಥೆಯನ್ನೂ ಕಟ್ಟಿದರು.

ಅವರ ಚಿತ್ರಗಳ ವಸ್ತು ಒಂದೇ ಬಗೆಯದಲ್ಲ. ಮಧ್ಯಯುಗದ ಕಾಡು, ನಗರಸಭೆಯ ಕಚೇರಿ, ಸಮುರಾಯ್ ಮನೆತನದ ಅಂಗಳ, ಯುದ್ಧಾಪರಾಧಿಗಳ ಜೈಲು, ವೈದ್ಯಕೀಯ ಕಾಲೇಜು, ಹಿಮಪರ್ವತ ಎಲ್ಲವೂ ಅಲ್ಲಿವೆ. ಆದರೆ ಅವುಗಳಲ್ಲಿ ಮುಖ್ಯವಾದ ಹಲವು ಚಿತ್ರಗಳ ಕಟ್ಟು ಒಂದೇ. ಒಂದು ಸಾವು ಆಗಿಹೋಗಿದೆ, ಇಲ್ಲವೇ ಆಗಲಿದೆ. ಅದರ ಬಗ್ಗೆ ವಿಚಾರಣೆ ನಡೆಯುತ್ತಿದೆ. ಸಾಕ್ಷಿಗಳು ಒಬ್ಬೊಬ್ಬರಾಗಿ ಮಾತಾಡುತ್ತಾರೆ, ಹಿಂದೆ ನಡೆದದ್ದು ತುಣುಕು ತುಣುಕಾಗಿ ಕಣ್ಣ ಮುಂದೆ ಬರುತ್ತದೆ. ಕೊನೆಗೆ ಕಡತದಲ್ಲಿ ಒಂದು ತೀರ್ಮಾನ ಬರೆಯಲ್ಪಡುತ್ತದೆ. ಪ್ರೇಕ್ಷಕ ಕಂಡ ಸತ್ಯಕ್ಕೂ ಕಡತ ಹೇಳುವ ಸತ್ಯಕ್ಕೂ ತಾಳೆಯಾಗುವುದಿಲ್ಲ. ವಿಚಾರಣೆಯನ್ನು ಕಥೆ ಹೇಳುವ ಯಂತ್ರವನ್ನಾಗಿ ಮಾಡಿಕೊಂಡದ್ದೇ ಹಾಶಿಮೊಟೊ ಅವರ ವಿಶೇಷ. ಅವರ ವೃತ್ತಿಜೀವನವನ್ನು ಈ ಎಳೆ ಹಿಡಿದು ಕ್ರಮವಾಗಿ ನೋಡಬಹುದು.

ಆರೋಗ್ಯಧಾಮದ ಹಾಸಿಗೆಯಿಂದ

ಹಾಶಿಮೊಟೊ ಹುಟ್ಟಿದ್ದು 1918ರ ಏಪ್ರಿಲ್ 18ರಂದು, ಪಶ್ಚಿಮ ಜಪಾನಿನ ಹ್ಯೋಗೊ ಪ್ರಾಂತ್ಯದಲ್ಲಿ, ಹಿಮೆಜಿ ಪಟ್ಟಣದ ಉತ್ತರಕ್ಕಿರುವ ಇಂದಿನ ಇಚಿಕಾವಾ ಪ್ರದೇಶದಲ್ಲಿ. 1938ರಲ್ಲಿ ಸೈನ್ಯಕ್ಕೆ ಸೇರಿದರು. ತರಬೇತಿಯ ಅವಧಿಯಲ್ಲೇ ಕ್ಷಯ ತಗುಲಿತು. ಒಕಾಯಾಮಾದಲ್ಲಿದ್ದ, ಗಾಯಾಳು ಮತ್ತು ರೋಗಿ ಸೈನಿಕರ ಆರೋಗ್ಯಧಾಮದಲ್ಲಿ ಸುಮಾರು ನಾಲ್ಕು ವರ್ಷ ಕಳೆಯಬೇಕಾಯಿತು. ಅವರ ತಲೆಮಾರಿನ ಎಷ್ಟೋ ಯುವಕರು ರಣರಂಗದಲ್ಲಿ ಸತ್ತರು. ಕ್ಷಯ ಇವರನ್ನು ರಣರಂಗದಿಂದ ದೂರವಿಟ್ಟಿತು.

ಅಲ್ಲಿ ಪಕ್ಕದ ಹಾಸಿಗೆಯ ರೋಗಿಯೊಬ್ಬ ಓದಲು ಕೊಟ್ಟ ಸಿನಿಮಾ ಪತ್ರಿಕೆಯ ಕೊನೆಯಲ್ಲಿ ಒಂದು ಚಿತ್ರಕಥೆ ಅಚ್ಚಾಗಿತ್ತು. ಓದಿದ ಹಾಶಿಮೊಟೊಗೆ, ಇಷ್ಟು ಸರಳವಾದದ್ದನ್ನು ತಾನೂ ಬರೆಯಬಲ್ಲೆ ಎನಿಸಿತು. ಜಪಾನಿನಲ್ಲಿ ಅತ್ಯುತ್ತಮ ಚಿತ್ರಕಥೆಗಾರ ಯಾರೆಂದು ಕೇಳಿದಾಗ ಸಿಕ್ಕ ಉತ್ತರ ಮನ್‌ಸಾಕು ಇತಾಮಿ. ಬರೆದುದನ್ನು ಇತಾಮಿಗೇ ಕಳಿಸುವೆನೆಂದು ಅಂದೇ ನಿರ್ಧರಿಸಿದರು. ಆರೋಗ್ಯಧಾಮದ ಸೈನಿಕರ ಬದುಕನ್ನೇ ವಸ್ತುವಾಗಿಟ್ಟುಕೊಂಡು ಅವರು ಬರೆದ ಮೊದಲ ಚಿತ್ರಕಥೆ ಮುಗಿಯಲು ವರ್ಷಗಳೇ ಹಿಡಿದವು. ಇತಾಮಿ ಅದನ್ನು ಓದಿ ದೋಷಗಳನ್ನು ತೋರಿಸಿ ಉತ್ತರ ಬರೆದರು. ಹೆಸರಾಂತ ನಿರ್ದೇಶಕರೂ ಆಗಿದ್ದ ಇತಾಮಿ ಚಿತ್ರಕಥೆಯಲ್ಲಿ ಶಿಷ್ಯನೆಂದು ಒಪ್ಪಿಕೊಂಡದ್ದು ಹಾಶಿಮೊಟೊ ಒಬ್ಬರನ್ನೇ.

ಆರೋಗ್ಯಧಾಮದಿಂದ ಹೊರಬಂದ ಮೇಲೆ ಹಾಶಿಮೊಟೊ ಹಿಮೆಜಿಯ ಒಂದು ಕಂಪನಿಯಲ್ಲಿ ಲೆಕ್ಕಪತ್ರದ ಕೆಲಸಕ್ಕೆ ಸೇರಿದರು. ಮನೆಗೂ ಕಚೇರಿಗೂ ನಡುವೆ ಓಡಾಡುವ ರೈಲಿನಲ್ಲಿ ಕುಳಿತು ಬರೆಯುವುದು ಅಭ್ಯಾಸವಾಯಿತು. ಬರೆದುದನ್ನು ಇತಾಮಿಗೆ ತೋರಿಸುವುದು, ತಿದ್ದಿಸಿಕೊಳ್ಳುವುದು ನಡೆದೇ ಇತ್ತು. ಒಮ್ಮೆ ಇತಾಮಿ, ಬೇರೆಯವರ ಕಾದಂಬರಿಯನ್ನು ಚಿತ್ರಕಥೆಯಾಗಿಸುವಾಗ ಹೇಗೆ ಕೆಲಸ ಮಾಡುವೆ ಎಂದು ಕೇಳಿದರಂತೆ. ಹಾಶಿಮೊಟೊ ತಮ್ಮ ಆತ್ಮಕಥನದಲ್ಲಿ ದಾಖಲಿಸಿರುವ ಉತ್ತರ ಕ್ರೂರವೆನಿಸುವಷ್ಟು ನೇರವಾಗಿದೆ: ಮೂಲಕೃತಿ ಬೇಲಿಯೊಳಗಿನ ಹಸು, ದಿನವೂ ಹೋಗಿ ಅದನ್ನು ಎಲ್ಲ ಕಡೆಯಿಂದ ನೋಡಬೇಕು, ಮರ್ಮಸ್ಥಾನ ಗೊತ್ತಾದ ದಿನ ಒಂದೇ ಏಟಿಗೆ ಕೆಡವಬೇಕು, ಬೇಕಾದದ್ದು ಅದರ ರಕ್ತ ಮಾತ್ರ, ಆಕಾರವಲ್ಲ. ಕೆಲವೊಮ್ಮೆ ಮೂಲದ ಜೊತೆಗೇ ಪ್ರಾಣ ಕೊಡಬೇಕಾದ ಕೃತಿಗಳೂ ಎದುರಾಗುತ್ತವೆ ಎಂದು ಇತಾಮಿ ಎಚ್ಚರಿಸಿದರಂತೆ. 1946ರ ಸೆಪ್ಟೆಂಬರಿನಲ್ಲಿ ಇತಾಮಿ ತೀರಿಕೊಂಡರು.

ರಾಶೊಮಾನ್: ಕಾಣದ ನ್ಯಾಯಾಧೀಶ

ಗುರುವಿಲ್ಲದ ವರ್ಷಗಳಲ್ಲಿ ಹಾಶಿಮೊಟೊ ಕೈಗೆತ್ತಿಕೊಂಡದ್ದು ರ್ಯುನೊಸುಕೆ ಅಕುತಗಾವಾ ಅವರ 1922ರ ಸಣ್ಣಕಥೆ ‘ಯಾಬು ನೊ ನಾಕಾ’. ಕಾಡಿನಲ್ಲಿ ಒಬ್ಬ ಸಮುರಾಯ್ ಸತ್ತಿದ್ದಾನೆ. ಏಳು ಮಂದಿಯ ಹೇಳಿಕೆಗಳನ್ನು ಒಂದರ ಪಕ್ಕ ಒಂದಿಟ್ಟು ಕಥೆ ನಿಲ್ಲುತ್ತದೆ. ಯಾವುದು ನಿಜವೆಂದು ಕಥೆಗಾರ ಹೇಳುವುದಿಲ್ಲ. ಹಾಶಿಮೊಟೊ ಇದರಿಂದ ಮಾಡಿದ ಚಿತ್ರಕಥೆಯ ಹಸ್ತಪ್ರತಿ ಇತಾಮಿ ಬಳಗದ ನಿರ್ದೇಶಕ ಕಿಯೊಶಿ ಸಾಯೆಕಿ ಮೂಲಕ ಕುರೊಸಾವಾ ಅವರ ಕೈ ಸೇರಿತು. ಪ್ರತಿ ಒಂದು ಪೂರ್ಣ ಚಿತ್ರಕ್ಕೆ ಸಾಲುವಷ್ಟು ಉದ್ದವಿಲ್ಲ ಎಂದು ಕುರೊಸಾವಾ ಹೇಳಿದಾಗ, ಅಕುತಗಾವಾ ಅವರದೇ 1915ರ ‘ರಾಶೊಮಾನ್’ ಕಥೆಯನ್ನು ಸೇರಿಸಬಹುದೆಂದು ಹಾಶಿಮೊಟೊ ತಟ್ಟನೆ ಸೂಚಿಸಿದರು. ಕೊನೆಯ ಪ್ರತಿಯನ್ನು ಸಿದ್ಧಪಡಿಸಿದವರು ಕುರೊಸಾವಾ. ಪಾಳುಬಿದ್ದ ನಗರದ್ವಾರ, ಬಿಡದೆ ಸುರಿಯುವ ಮಳೆ, ಅಲ್ಲಿ ಆಶ್ರಯ ಪಡೆದ ಮೂವರ ಮಾತುಕತೆ ಚಿತ್ರದ ಹೊರಚೌಕಟ್ಟಾಯಿತು. ಸೌದೆ ಕಡಿಯುವವನ ಎರಡನೆಯ ಹೇಳಿಕೆ, ಕೊನೆಯಲ್ಲಿ ಸಿಗುವ ಅನಾಥ ಶಿಶು ಮೂಲಕಥೆಗಳಲ್ಲಿ ಇಲ್ಲದವು.

ಚಿತ್ರದ ವಿಚಾರಣೆಯ ದೃಶ್ಯಗಳ ಏರ್ಪಾಡು ಗಮನಿಸಬೇಕಾದದ್ದು. ಬಿಸಿಲು ಬಿದ್ದ ಅಂಗಳ, ಹಿಂದೆ ಒಂದು ಗೋಡೆ, ಮುಂದೆ ನೆಲದ ಮೇಲೆ ಕುಳಿತ ಸಾಕ್ಷಿ. ನ್ಯಾಯಾಧಿಕಾರಿ ಕಾಣಿಸುವುದಿಲ್ಲ, ಅವನ ದನಿಯೂ ಕೇಳಿಸುವುದಿಲ್ಲ. ಅವನು ಕೇಳಿದ ಪ್ರಶ್ನೆಯನ್ನು ಸಾಕ್ಷಿಯ ಉತ್ತರದಿಂದಲೇ ಊಹಿಸಿಕೊಳ್ಳಬೇಕು. ಸಾಕ್ಷಿಗಳು ನೋಡುವುದು ಕ್ಯಾಮೆರಾದ ಕಡೆಗೆ, ಅಂದರೆ ಪ್ರೇಕ್ಷಕನ ಕಡೆಗೆ. ಹೀಗೆ ತೀರ್ಪು ಕೊಡುವ ಪೀಠದಲ್ಲಿ ಪ್ರೇಕ್ಷಕನೇ ಕೂರಬೇಕಾಗುತ್ತದೆ. ದರೋಡೆಕೋರ, ಹೆಂಡತಿ, ಪ್ರೇತ ಆವಾಹಿಸುವ ಹೆಂಗಸಿನ ಮೈಮೇಲೆ ಬಂದು ಮಾತಾಡುವ ಸತ್ತ ಗಂಡ, ಎಲ್ಲರೂ ತಪ್ಪನ್ನು ತಮ್ಮ ಮೇಲೇ ಹೊತ್ತುಕೊಳ್ಳುತ್ತಾರೆ. ಬೇರೆಯವರನ್ನು ಸಿಕ್ಕಿಸುವುದಕ್ಕಿಂತ ತಮ್ಮ ಮಾನ ಉಳಿಸಿಕೊಳ್ಳುವುದು ಅವರಿಗೆ ಮುಖ್ಯ.

1950ರ ಆಗಸ್ಟಿನಲ್ಲಿ ದಾಯೇ ಸಂಸ್ಥೆ ಬಿಡುಗಡೆ ಮಾಡಿದ ‘ರಾಶೊಮಾನ್’ಗೆ 1951ರ ವೆನಿಸ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಸಿಕ್ಕಿತು; ಮುಂದಿನ ವರ್ಷ ಅಮೆರಿಕದ ಅಕಾಡೆಮಿಯ ಗೌರವ ಪ್ರಶಸ್ತಿಯೂ ಬಂತು. 1952ರಲ್ಲಿ ಮುಂಬಯಿಯಲ್ಲಿ ಆರಂಭವಾದ ಭಾರತದ ಮೊದಲ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಅದು ತೆರೆಕಂಡಿತು. ಒಂದೇ ಘಟನೆಯನ್ನು ಹಲವರ ಬಾಯಲ್ಲಿ ಹೇಳಿಸುವ ಕ್ರಮ ಬೇರೆ ಬೇರೆ ದೇಶಗಳ ಸಿನಿಮಾಗಳಿಗೆ ಮಾದರಿಯಾಯಿತು. ಕನ್ನಡದಲ್ಲಿ ರಕ್ಷಿತ್ ಶೆಟ್ಟಿ ಅವರ ‘ಉಳಿದವರು ಕಂಡಂತೆ’ (2014) ಇದೇ ಬಗೆಯ ಕಟ್ಟನ್ನು ಕರಾವಳಿಯ ಕಥೆಗೆ ಅಳವಡಿಸಿಕೊಂಡಿದೆ. ‘ರಾಶೊಮಾನ್’ ಹಾಶಿಮೊಟೊ ಅವರ ಬದುಕಿನ ದಿಕ್ಕನ್ನೂ ಬದಲಿಸಿತು. ಹಿಮೆಜಿಯ ನೌಕರಿ ಬಿಟ್ಟು ಟೋಕಿಯೊಗೆ ಬಂದ ಅವರು ಪೂರ್ಣಾವಧಿ ಚಿತ್ರಕಥೆಗಾರರಾದರು.

ಒಂದು ಮೇಜು, ಮೂವರು ಬರಹಗಾರರು

‘ಇಕಿರು’ (1952) ಚಿತ್ರಕ್ಕೆ ಕುರೊಸಾವಾ ಕೊಟ್ಟ ಬೀಜ ಒಂದೇ ಸಾಲಿನದು: ಇನ್ನು 75 ದಿನ ಮಾತ್ರ ಬದುಕಬಲ್ಲ ಒಬ್ಬ ಮನುಷ್ಯನ ಕಥೆ. ಮೊದಲ ಕರಡನ್ನು ಹಾಶಿಮೊಟೊ ಬರೆಯಬೇಕು, ಅದರ ಮೇಲೆ ಮೂವರು ಕೂತು ಕೆಲಸ ಮಾಡಬೇಕು ಎಂಬುದು ಏರ್ಪಾಡು. ಮೂರನೆಯವರು ಹಿರಿಯ ಚಿತ್ರಕಥೆಗಾರ ಹಿದೆಯೊ ಒಗುನಿ. ಕಥಾನಾಯಕ ಯಾರಾಗಿರಬೇಕು ಎಂಬ ಪ್ರಶ್ನೆಗೆ ಹಾಶಿಮೊಟೊ ಕಂಡುಕೊಂಡ ಉತ್ತರ, ಮೂವತ್ತು ವರ್ಷ ಮೊಹರು ಒತ್ತಿದ್ದೊಂದನ್ನು ಬಿಟ್ಟರೆ ಬೇರೇನೂ ಮಾಡದ ನಗರಸಭೆಯ ವಿಭಾಗಾಧಿಕಾರಿ ವತಾನಬೆ.

ಚಿತ್ರದ ಕಟ್ಟಿಗೆ ನಿರ್ಣಾಯಕವಾದ ಸಲಹೆ ಒಗುನಿಯವರದು: ನಾಯಕ ಚಿತ್ರದ ಮಧ್ಯದಲ್ಲೇ ಸಾಯಲಿ. ಅದರಂತೆ, ಮಕ್ಕಳಿಗಾಗಿ ಒಂದು ಉದ್ಯಾನ ಮಾಡಿಸಬೇಕೆಂದು ವತಾನಬೆ ಹೊರಟ ಕೂಡಲೇ ಚಿತ್ರ ಐದು ತಿಂಗಳು ಮುಂದಕ್ಕೆ ಜಿಗಿದು ಅವನ ಶವಸಂಸ್ಕಾರದ ರಾತ್ರಿಗೆ ಬರುತ್ತದೆ. ಭಾವಚಿತ್ರದ ಮುಂದೆ ಸಾಲಾಗಿ ಕುಳಿತ ಅಧಿಕಾರಿಗಳು ಮದ್ಯ ಕುಡಿಯುತ್ತ, ಉದ್ಯಾನ ಆದದ್ದು ಯಾರಿಂದ ಎಂದು ಚರ್ಚಿಸುತ್ತಾರೆ. ಶ್ರೇಯಸ್ಸು ತನ್ನದೆಂದು ಸೂಚಿಸಿ ಉಪಮೇಯರ್ ಎದ್ದು ಹೋಗುತ್ತಾನೆ. ಕೊಳಚೆ ಗುಂಡಿಯ ಪಕ್ಕದ ಬಡಾವಣೆಯ ಹೆಂಗಸರು ಬಂದು ಧೂಪವಿಟ್ಟು, ಏನೂ ಹೇಳದೆ ಅತ್ತು ಹೋಗುತ್ತಾರೆ. ಆಮೇಲೆ ಒಬ್ಬೊಬ್ಬರಿಗೆ ಒಂದೊಂದು ನೆನಪಾಗುತ್ತದೆ: ಎಲ್ಲೋ ಕಾರಿಡಾರಿನಲ್ಲಿ ಬಾಗಿ ನಿಂತಿದ್ದ ವತಾನಬೆ, ಇನ್ನೆಲ್ಲೋ ಬೆದರಿಕೆ ಹಾಕಿದ ಗೂಂಡಾಗಳ ಎದುರು ನಿಂತಿದ್ದ ವತಾನಬೆ. ಇದು ನ್ಯಾಯಾಲಯವಲ್ಲ, ಆದರೂ ವಿಚಾರಣೆಯೇ. ತೀರ್ಪು ವತಾನಬೆಯ ಪರವಾಗಿ ಬರುತ್ತದೆ. ಮರುದಿನ ಕಚೇರಿಯಲ್ಲಿ ಅರ್ಜಿಗಳು ಮತ್ತೆ ಹಳೆಯಂತೆಯೇ ಮೇಜಿನಿಂದ ಮೇಜಿಗೆ ಅಲೆಯತೊಡಗುತ್ತವೆ.

‘ಸೆವೆನ್ ಸಮುರಾಯ್’ (1954) ಎರಡು ಸೋಲುಗಳ ಮೇಲೆ ಕಟ್ಟಿದ ಚಿತ್ರಕಥೆ. ಮೊದಲ ಯೋಜನೆ ಒಬ್ಬ ಸಮುರಾಯ್‌ನ ಒಂದು ದಿನ: ಬೆಳಗ್ಗೆ ಎದ್ದು ಕೋಟೆಗೆ ಕೆಲಸಕ್ಕೆ ಹೋದವನು ಸಣ್ಣದೊಂದು ತಪ್ಪಿಗಾಗಿ ಸಂಜೆ ಹೊಟ್ಟೆ ಬಗೆದುಕೊಂಡು ಸಾಯುತ್ತಾನೆ. ಹಾಶಿಮೊಟೊ ತಿಂಗಳುಗಟ್ಟಲೆ ಗ್ರಂಥಾಲಯದಲ್ಲಿ ಹುಡುಕಿದರು. ಆ ಕಾಲದ ಸಮುರಾಯ್ ಮಧ್ಯಾಹ್ನದ ಊಟವನ್ನು ಮನೆಯಿಂದ ಕಟ್ಟಿಕೊಂಡು ಹೋಗುತ್ತಿದ್ದನೇ, ಕೋಟೆಯಲ್ಲೇ ಊಟವಿತ್ತೇ, ಅಸಲಿಗೆ ದಿನಕ್ಕೆ ಎರಡೇ ಊಟವೇ ಎಂಬುದಕ್ಕೆ ಖಚಿತ ಆಧಾರ ಸಿಗಲಿಲ್ಲ. ಊಟದ ವಿವರ ಗೊತ್ತಿಲ್ಲದೆ ಒಂದು ದಿನದ ಬದುಕನ್ನು ಬರೆಯಲಾಗದು ಎಂದು ಯೋಜನೆಯನ್ನೇ ಕೈಬಿಟ್ಟರು. ಎರಡನೆಯದು ಹೆಸರಾಂತ ಕತ್ತಿವರಸೆಗಾರರ ಜೀವನದ ಪ್ರಸಂಗಗಳ ಮಾಲೆ. ಬರೆದಾದ ಮೇಲೆ ನೋಡಿದರೆ ಪ್ರತಿ ಪ್ರಸಂಗವೂ ಪರಾಕಾಷ್ಠೆಯೇ. ಬರೀ ಪರಾಕಾಷ್ಠೆಗಳಿಂದ ಚಿತ್ರವಾಗದು ಎಂಬುದು ಮನವರಿಕೆಯಾಯಿತು.

ಆದರೆ ಆ ಓದಿನಿಂದ ಒಂದು ಪ್ರಶ್ನೆ ಉಳಿಯಿತು: ವಿದ್ಯೆ ಕಲಿಯಲು ಊರೂರು ಅಲೆಯುತ್ತಿದ್ದ ಸಮುರಾಯ್‌ಗಳು ಕೈಯಲ್ಲಿ ಕಾಸಿಲ್ಲದಾಗ ಹೊಟ್ಟೆಗೆ ಏನು ಮಾಡುತ್ತಿದ್ದರು? ರಾತ್ರಿ ಕಾವಲು ಕಾದರೆ ಹಳ್ಳಿಯವರು ಅನ್ನ ಹಾಕುತ್ತಿದ್ದರು ಎಂಬ ಮಾಹಿತಿ ಸಿಕ್ಕಿತು. ದರೋಡೆಕೋರರ ಕಾಟ ತಡೆಯಲು ರೈತರು ಅನ್ನದ ಕೂಲಿಗೆ ಸಮುರಾಯ್‌ಗಳನ್ನು ಗೊತ್ತುಮಾಡಿಕೊಳ್ಳುವ ಕಥೆ ಅಲ್ಲಿಂದ ಹುಟ್ಟಿತು. ಅತಾಮಿಯ ಒಂದು ವಸತಿಗೃಹದಲ್ಲಿ ಮೂವರೂ ಬಾಗಿಲು ಹಾಕಿಕೊಂಡು ಕುಳಿತು ಅಂತಿಮ ಪ್ರತಿಯನ್ನು ಬರೆದರು. ಒಂದೇ ದೃಶ್ಯವನ್ನು ಕುರೊಸಾವಾ ಮತ್ತು ಹಾಶಿಮೊಟೊ ಬೇರೆ ಬೇರೆಯಾಗಿ ಬರೆಯುವರು. ಬರೆದ ಹಾಳೆಗಳು ಒಗುನಿಯವರ ಮುಂದೆ ಹೋಗುವವು. ಒಗುನಿ ತಾವು ಬರೆಯುವುದಕ್ಕಿಂತ ಹೆಚ್ಚಾಗಿ ಓದಿ ಒಪ್ಪುವ, ತಳ್ಳಿಹಾಕುವ ಕೆಲಸ ಮಾಡುತ್ತಿದ್ದರು. ಒಪ್ಪಿಗೆಯಾಗದ ಹಾಳೆ ಎಷ್ಟು ಚೆನ್ನಾಗಿದ್ದರೂ ಮುಂದಕ್ಕೆ ಸಾಗುತ್ತಿರಲಿಲ್ಲ. ಏಳು ಪಾತ್ರಗಳ ನಡೆ, ನುಡಿ, ಮೈಕಟ್ಟು, ಹಿನ್ನೆಲೆಗಳನ್ನು ಕುರೊಸಾವಾ ಟಿಪ್ಪಣಿ ಪುಸ್ತಕದಲ್ಲಿ ವಿವರವಾಗಿ ಬರೆದಿಟ್ಟುಕೊಂಡಿದ್ದರು.

207 ನಿಮಿಷಗಳ ಈ ಚಿತ್ರ ವೆನಿಸ್‌ನಲ್ಲಿ ಬೆಳ್ಳಿ ಸಿಂಹ ಪ್ರಶಸ್ತಿ ಪಡೆಯಿತು. ಹಾಲಿವುಡ್ ಇದನ್ನು 1960ರಲ್ಲಿ ‘ದಿ ಮ್ಯಾಗ್ನಿಫಿಸೆಂಟ್ ಸೆವೆನ್’ ಎಂದು ಮರುನಿರ್ಮಿಸಿತು. ಬೆಂಗಳೂರಿನ ಬಳಿಯ ರಾಮನಗರದ ಬಂಡೆಗಳ ನಡುವೆ ಚಿತ್ರೀಕರಣವಾದ ಹಿಂದಿಯ ‘ಶೋಲೆ’ಯ (1975) ಹಿಂದೆಯೂ ಹಳ್ಳಿಯ ರಕ್ಷಣೆಗೆ ಹೊರಗಿನ ವೀರರನ್ನು ಕರೆತರುವ ಇದೇ ಕಥಾಬೀಜದ ನೆರಳಿದೆ.

ಮುಂದಿನ ಚಿತ್ರ ‘ಇಕಿಮೊನೊ ನೊ ಕಿರೊಕು’ (1955) ಜಲಜನಕ ಬಾಂಬಿನ ಭಯದಿಂದ ಇಡೀ ಕುಟುಂಬವನ್ನು ಬ್ರೆಜಿಲ್‌ಗೆ ಸಾಗಿಸಲು ಹೊರಟ ಕಾರ್ಖಾನೆ ಮಾಲೀಕನ ಕಥೆ. 1954ರಲ್ಲಿ ಬಿಕಿನಿ ದ್ವೀಪದ ಬಳಿ ಅಮೆರಿಕ ನಡೆಸಿದ ಪರೀಕ್ಷೆಯ ವಿಕಿರಣ ಜಪಾನಿ ಮೀನುಗಾರರ ಮೇಲೆ ಬಿದ್ದದ್ದು ಇದರ ಹಿನ್ನೆಲೆ. ಇಲ್ಲಿ ವಿಚಾರಣೆ ನಡೆಯುವುದು ಕೌಟುಂಬಿಕ ನ್ಯಾಯಾಲಯದಲ್ಲಿ. ಮುದುಕನಿಗೆ ಬುದ್ಧಿ ಸ್ವಾಧೀನದಲ್ಲಿಲ್ಲ ಎಂದು ಘೋಷಿಸುವಂತೆ ಮಕ್ಕಳೇ ಅರ್ಜಿ ಹಾಕಿದ್ದಾರೆ. ಚಿತ್ರ ಗಲ್ಲಾಪೆಟ್ಟಿಗೆಯಲ್ಲಿ ಸೋತಿತು. ಅನಂತರ ‘ಥ್ರೋನ್ ಆಫ್ ಬ್ಲಡ್’ (1957), ‘ದಿ ಹಿಡನ್ ಫೋರ್ಟ್ರೆಸ್’ (1958), ‘ದಿ ಬ್ಯಾಡ್ ಸ್ಲೀಪ್ ವೆಲ್’ (1960), ‘ದೊದೆಸ್ಕಾದೆನ್’ (1970) ಚಿತ್ರಗಳಲ್ಲಿ ರ್ಯುಜೊ ಕಿಕುಶಿಮಾ, ಒಗುನಿ ಮೊದಲಾದವರ ಜೊತೆ ಹಾಶಿಮೊಟೊ ಬರೆದರು.

ತೀರ್ಪಿಗೆ ಮುಂಚಿನ ಚಿತ್ರ

ಕುರೊಸಾವಾ ಬಳಗದ ಹೊರಗೆ ಹಾಶಿಮೊಟೊ ಅವರಿಗೆ ಹೆಸರು ತಂದುಕೊಟ್ಟದ್ದು ತದಾಶಿ ಇಮಾಯ್ ನಿರ್ದೇಶನದ ‘ಮಹಿರು ನೊ ಅಂಕೊಕು’ (1956). 1951ರಲ್ಲಿ ಯಮಾಗುಚಿ ಪ್ರಾಂತ್ಯದಲ್ಲಿ ವೃದ್ಧ ದಂಪತಿಯ ಕೊಲೆಯಾಗಿತ್ತು. ಸಿಕ್ಕಿಬಿದ್ದವನು ಮೊದಲು ತಾನೊಬ್ಬನೇ ಮಾಡಿದ್ದೆಂದು ಒಪ್ಪಿಕೊಂಡ. ಒಬ್ಬನಿಂದ ಇದು ಸಾಧ್ಯವಿಲ್ಲವೆಂದು ಪೊಲೀಸರು ಪಟ್ಟುಹಿಡಿದ ಮೇಲೆ ಇನ್ನೂ ನಾಲ್ವರ ಹೆಸರು ಹೇಳಿದ. ಯಾಕಾಯ್ ಪ್ರಕರಣವೆಂದು ಹೆಸರಾದ ಈ ಮೊಕದ್ದಮೆಯ ಬಗ್ಗೆ ಆರೋಪಿಗಳ ವಕೀಲ ಹಿರೊಶಿ ಮಸಾಕಿ ಬರೆದ ಪುಸ್ತಕ ಚಿತ್ರಕ್ಕೆ ಆಧಾರ.

ಚಿತ್ರ ತಯಾರಾಗುವಾಗ ಮೊಕದ್ದಮೆ ಇನ್ನೂ ಸುಪ್ರೀಂ ಕೋರ್ಟಿನಲ್ಲಿತ್ತು. ತೀರ್ಪಿಗೆ ಮುಂಚೆಯೇ ಆರೋಪಿಗಳು ನಿರಪರಾಧಿಗಳೆಂದು ಸಾರುವ ಚಿತ್ರ ಬರುವುದು ದಿಟ್ಟ ಹೆಜ್ಜೆಯಾಗಿತ್ತು. ಹಾಶಿಮೊಟೊ ಇಲ್ಲಿ ‘ರಾಶೊಮಾನ್’ನ ಅನಿಶ್ಚಿತತೆಯನ್ನು ಬದಿಗಿಟ್ಟರು. ನಡೆದದ್ದೇನೆಂದು ಪ್ರೇಕ್ಷಕನಿಗೆ ಗೊತ್ತು. ನ್ಯಾಯಪೀಠಕ್ಕೆ ಮಾತ್ರ ಕಾಣದು. ಆರೋಪಪಟ್ಟಿಯಲ್ಲಿ ಹೇಳಿದಂತೆಯೇ ಐವರೂ ಸೇರಿ ಕೃತ್ಯ ನಡೆಸಿದ್ದರೆ ಅದು ಹೇಗಿರುತ್ತಿತ್ತು ಎಂದು ವಕೀಲ ವಾದಿಸುವಾಗ, ತೆರೆಯ ಮೇಲೆ ಅದನ್ನು ಆಡಿ ತೋರಿಸಲಾಗುತ್ತದೆ. ಅಷ್ಟು ಕಡಿಮೆ ಅವಧಿಯಲ್ಲಿ ಅಷ್ಟೆಲ್ಲ ನಡೆದಿರಲು ಸಾಧ್ಯವೇ ಇಲ್ಲವೆಂಬುದು ನಗು ತರಿಸುವಷ್ಟು ಸ್ಪಷ್ಟವಾಗುತ್ತದೆ. ಆದರೂ ಕೆಳಗಿನ ಪೀಠಗಳು ಶಿಕ್ಷೆಯನ್ನು ಎತ್ತಿಹಿಡಿಯುತ್ತವೆ. ಮೇಲೆ ಇನ್ನೂ ಸುಪ್ರೀಂ ಕೋರ್ಟ್ ಇದೆ ಎಂದು ಜೈಲಿನ ಸರಳಿನ ಹಿಂದಿನಿಂದ ಯುವಕ ಕೂಗುವಲ್ಲಿಗೆ ಚಿತ್ರ ಮುಗಿಯುತ್ತದೆ. ‘ಕಿನೆಮಾ ಜುಂಪೊ’ ಪತ್ರಿಕೆಯ ವಿಮರ್ಶಕರು ಇದನ್ನು ಆ ವರ್ಷದ ಮೊದಲ ಸ್ಥಾನಕ್ಕೆ ಆರಿಸಿದರು. ನಾಲ್ವರೂ ನಿರ್ದೋಷಿಗಳೆಂಬ ಅಂತಿಮ ತೀರ್ಪು ಬಂದದ್ದು 1968ರಲ್ಲಿ.

1958ರಲ್ಲಿ ಟೋಕಿಯೊದ ಕೆ.ಆರ್.ಟಿ. ದೂರದರ್ಶನ ವಾಹಿನಿಗೆ (ಇಂದಿನ ಟಿ.ಬಿ.ಎಸ್.) ಹಾಶಿಮೊಟೊ ‘ವತಾಶಿ ವ ಕಾಯ್ ನಿ ನರಿತಾಯ್’ ಎಂಬ ನಾಟಕ ಬರೆದರು. ಶಿಕೊಕು ದ್ವೀಪದ ಕರಾವಳಿಯ ಕ್ಷೌರಿಕನೊಬ್ಬನನ್ನು ಯುದ್ಧಕಾಲದಲ್ಲಿ ಸೈನ್ಯಕ್ಕೆ ಎಳೆದುಕೊಳ್ಳಲಾಗುತ್ತದೆ. ಸೆರೆಸಿಕ್ಕ ಅಮೆರಿಕನ್ ವಾಯುಸೈನಿಕನನ್ನು ಬಂದೂಕಿನ ಬಯೊನೆಟ್‌ನಿಂದ ತಿವಿಯಲು ಮೇಲಧಿಕಾರಿ ಆಜ್ಞಾಪಿಸುತ್ತಾನೆ. ಅವನ ಕೈ ನಡುಗಿ ತಿವಿತ ತೋಳಿಗೆ ತಾಗುತ್ತದೆ. ಯುದ್ಧ ಮುಗಿದು ಕ್ಷೌರದಂಗಡಿಯಲ್ಲಿ ಮತ್ತೆ ಕತ್ತರಿ ಹಿಡಿದವನನ್ನು ಯುದ್ಧಾಪರಾಧಿಯೆಂದು ಬಂಧಿಸಿ, ಅಮೆರಿಕನ್ ಸೈನಿಕ ನ್ಯಾಯಮಂಡಳಿ ಗಲ್ಲು ಶಿಕ್ಷೆ ವಿಧಿಸುತ್ತದೆ. ಆಜ್ಞೆಯನ್ನು ಏಕೆ ಧಿಕ್ಕರಿಸಲಿಲ್ಲ ಎಂದು ವಿದೇಶಿ ನ್ಯಾಯಾಧೀಶರು ಕೇಳುತ್ತಾರೆ. ಚಕ್ರವರ್ತಿಯ ಹೆಸರಿನಲ್ಲಿ ಬಂದ ಆಜ್ಞೆಯನ್ನು ಸಾಮಾನ್ಯ ಸಿಪಾಯಿ ಧಿಕ್ಕರಿಸುವುದೆಂದರೇನೆಂದು ಅವರಿಗೆ ತಿಳಿಸಿ ಹೇಳುವ ಭಾಷೆಯೇ ಅವನ ಬಳಿ ಇಲ್ಲ. ಮತ್ತೆ ಹುಟ್ಟುವುದಾದರೆ ಮನುಷ್ಯನಾಗದೆ ಕಡಲ ತಳದ ಚಿಪ್ಪುಜೀವಿಯಾಗಬೇಕೆಂಬ ಅವನ ಕೊನೆಯ ಬಯಕೆ, ಯುದ್ಧಾಪರಾಧದ ಆರೋಪದಲ್ಲಿ ಸೆರೆಯಲ್ಲಿದ್ದ ತೆತ್ಸುತಾರೊ ಕಾತೊ ಅವರ ಬರಹದಿಂದ ಬಂದದ್ದು. ಫ್ರಾಂಕಿ ಸಕಾಯ್ ನಟಿಸಿದ ಈ ಪ್ರಸಾರ ಜಪಾನಿನ ದೂರದರ್ಶನ ನಾಟಕಗಳ ಚರಿತ್ರೆಯಲ್ಲಿ ಮೈಲಿಗಲ್ಲು. 1959ರಲ್ಲಿ ಅದನ್ನೇ ಚಲನಚಿತ್ರವಾಗಿಸಿ ಹಾಶಿಮೊಟೊ ನಿರ್ದೇಶಕರೂ ಆದರು.

ಮನೆತನದ ದಿನಚರಿ

1960ರ ದಶಕದಲ್ಲಿ ಹಾಶಿಮೊಟೊ ಬರೆದ ಸಮುರಾಯ್ ಚಿತ್ರಗಳಲ್ಲಿ ಮೇಲಿನ ಸಾಲಿನದು ಮಸಾಕಿ ಕೊಬಯಾಶಿ ನಿರ್ದೇಶಿಸಿದ ‘ಹರಕಿರಿ’ (1962). ಮೂಲ ಕಥೆ ಯಾಸುಹಿಕೊ ತಕಿಗುಚಿ ಅವರದು. ಕಾಲ 1630, ಯುದ್ಧಗಳು ನಿಂತು, ಒಡೆಯರಿಲ್ಲದ ಸಮುರಾಯ್‌ಗಳು ಹೊಟ್ಟೆಪಾಡಿಗೆ ಅಲೆಯುವ ದಿನಗಳು. ತಮ್ಮ ಅಂಗಳದಲ್ಲಿ ಹೊಟ್ಟೆ ಬಗೆದುಕೊಳ್ಳಲು ಅನುಮತಿ ಕೊಡಿ ಎಂದು ಶ್ರೀಮಂತ ಮನೆತನಗಳ ಬಾಗಿಲಿಗೆ ಬಂದವರಿಗೆ, ಪೀಡೆ ತೊಲಗಲೆಂದು ನಾಲ್ಕು ಕಾಸು ಕೊಟ್ಟು ಕಳಿಸುವುದು ವಾಡಿಕೆಯಾಗಿರುತ್ತದೆ. ಈಯಿ ಮನೆತನ ಇದನ್ನು ತಡೆಯಲೆಂದು ಒಬ್ಬ ಯುವಕನಿಗೆ ಮಾತನ್ನು ನಡೆಸಿಯೇ ತೀರುವಂತೆ ಒತ್ತಾಯಿಸುತ್ತದೆ. ಅವನ ಒರೆಯಲ್ಲಿರುವುದು ಬಿದಿರಿನ ಕತ್ತಿ. ನಿಜವಾದ ಕತ್ತಿಯನ್ನು ಹೆಂಡತಿ ಮಗುವಿನ ಚಿಕಿತ್ಸೆಗಾಗಿ ಅವನು ಎಂದೋ ಮಾರಿದ್ದಾನೆ. ಆ ಬಿದಿರನ್ನೇ ಹೊಟ್ಟೆಗೆ ಚುಚ್ಚಿಕೊಂಡು ಸಾಯಬೇಕಾಗುತ್ತದೆ.

ಇದನ್ನೆಲ್ಲ ಪ್ರೇಕ್ಷಕ ತಿಳಿಯುವುದು ತಿಂಗಳುಗಳ ನಂತರ, ಅದೇ ಅಂಗಳಕ್ಕೆ ಅದೇ ಬೇಡಿಕೆಯೊಂದಿಗೆ ಬರುವ ಹಿರಿಯ ಸಮುರಾಯ್ ಹನ್‌ಶಿರೊನ ಮೂಲಕ. ಸಾಯುವ ಮುನ್ನ ತನ್ನ ಕಥೆ ಕೇಳಿ ಎಂದು ಅವನು ಕೇಳಿಕೊಳ್ಳುತ್ತಾನೆ. ಬಿಳಿ ಹಾಸಿನ ಮೇಲೆ ಕೂತ ಅವನು ಆರೋಪಿಯಂತೆ ಕಾಣುತ್ತಾನೆ. ಎತ್ತರದ ಜಗಲಿಯ ಮೇಲೆ ಮನೆತನದ ಮೇಲ್ವಿಚಾರಕ ನ್ಯಾಯಾಧೀಶನಂತೆ. ಹನ್‌ಶಿರೊ ಹೇಳುತ್ತ ಹೋದಂತೆ ಸ್ಥಾನಗಳು ಅದಲುಬದಲಾಗುತ್ತವೆ. ಸತ್ತ ಯುವಕ ಅವನ ಅಳಿಯ. ಅಂದು ಬಲವಂತ ಮಾಡಿದ ಮೂವರು ವೀರರ ಜುಟ್ಟುಗಳನ್ನು ಹನ್‌ಶಿರೊ ಈಗಾಗಲೇ ಕತ್ತರಿಸಿ ತಂದಿದ್ದಾನೆ. ಒಂದೊಂದಾಗಿ ತೆಗೆದು ಅಂಗಳಕ್ಕೆ ಎಸೆಯುತ್ತಾನೆ. ಕೊನೆಗೆ ಕಾಳಗವಾಗಿ ಅವನೂ ಸಾಯುತ್ತಾನೆ. ಮನೆತನದ ದಿನಚರಿಯೊಂದಿಗೆ ಶುರುವಾದ ಚಿತ್ರ ಅದೇ ದಿನಚರಿಯೊಂದಿಗೆ ಮುಗಿಯುತ್ತದೆ: ಕಾಳಗದಲ್ಲಿ ಸತ್ತ ಮನೆತನದವರು ಕಾಯಿಲೆಯಿಂದ ತೀರಿಕೊಂಡರೆಂದು ಅದರಲ್ಲಿ ಬರೆಯಲಾಗುತ್ತದೆ. ಆಳುವವರ ದಾಖಲೆ ಹೇಗೆ ತಯಾರಾಗುತ್ತದೆ ಎಂಬುದನ್ನು ಹಾಶಿಮೊಟೊ ಇಷ್ಟು ಖಾರವಾಗಿ ಬೇರೆಲ್ಲೂ ಹೇಳಿಲ್ಲ. 1963ರ ಕಾನ್ ಚಿತ್ರೋತ್ಸವದಲ್ಲಿ ಇದಕ್ಕೆ ತೀರ್ಪುಗಾರರ ವಿಶೇಷ ಪ್ರಶಸ್ತಿ ಬಂತು. ಇದೇ ನಿರ್ದೇಶಕ, ಇದೇ ಮೂಲ ಲೇಖಕರೊಂದಿಗೆ 1967ರಲ್ಲಿ ‘ಸಮುರಾಯ್ ರೆಬೆಲಿಯನ್’ ಬಂತು.

ತೊಯೊಕೊ ಯಮಾಸಾಕಿ ಅವರ ಕಾದಂಬರಿಯನ್ನು ಆಧರಿಸಿದ ‘ಶಿರೊಯ್ ಕ್ಯೊತೊ’ (1966, ನಿರ್ದೇಶನ ಸತ್ಸುಒ ಯಮಾಮೊಟೊ) ವೈದ್ಯಕೀಯ ಕಾಲೇಜಿನ ಅಧಿಕಾರದಾಟವನ್ನೂ, ಚಿಕಿತ್ಸೆಯಲ್ಲಿನ ನಿರ್ಲಕ್ಷ್ಯದ ಮೇಲೆ ನಡೆಯುವ ಮೊಕದ್ದಮೆಯನ್ನೂ ಒಟ್ಟಿಗೆ ಹೆಣೆಯಿತು. 1945ರ ಆಗಸ್ಟಿನಲ್ಲಿ ಶರಣಾಗತಿಯ ಘೋಷಣೆಗೆ ಮುಂಚಿನ 24 ಗಂಟೆಗಳನ್ನು ಹಿಂಬಾಲಿಸುವ ಒಕಮೊಟೊ ಅವರ ‘ಜಪಾನ್ಸ್ ಲಾಂಗೆಸ್ಟ್ ಡೇ’ (1967) ಕೂಡ ಇದೇ ಅವಧಿಯದು.

‘ಸುನಾ ನೊ ಉತ್ಸುವ’: ಮೂರು ಎಳೆಗಳ ಕೊನೆಯ ಭಾಗ

ಪತ್ತೇದಾರಿ ಕಾದಂಬರಿಕಾರ ಸೇಚೊ ಮಾತ್ಸುಮೊಟೊ ಅವರ ಕೃತಿಗಳನ್ನು ತೆರೆಗೆ ತರುವುದರಲ್ಲಿ ಹಾಶಿಮೊಟೊ ಮತ್ತು ನಿರ್ದೇಶಕ ಯೊಶಿತಾರೊ ನೊಮುರಾ ಅವರದು ಪಳಗಿದ ಜೋಡಿ. ‘ಹರಿಕೊಮಿ’ (1958), ‘ಜೀರೊ ಫೋಕಸ್’ (1961) ನಂತರ ಬಂದ ‘ಸುನಾ ನೊ ಉತ್ಸುವ’ (1974) ಈ ಸಾಲಿನ ಶಿಖರ. ಚಿತ್ರಕಥೆಯಲ್ಲಿ ಯೋಜಿ ಯಮಾದಾ ಸಹಲೇಖಕರು. ಬರವಣಿಗೆ 1960ರ ದಶಕದ ಮೊದಲಲ್ಲೇ ನಡೆದಿದ್ದರೂ ಹಣ ಹೂಡುವವರು ಸಿಗದೆ ವರ್ಷಗಳು ಕಳೆದವು. ಇಂಥ ಚಿತ್ರಗಳಿಗಾಗಿಯೇ 1973ರಲ್ಲಿ ಹಾಶಿಮೊಟೊ ಸ್ವಂತ ನಿರ್ಮಾಣ ಸಂಸ್ಥೆ ಕಟ್ಟಿದರು.

ಟೋಕಿಯೊದ ರೈಲು ಯಾರ್ಡಿನಲ್ಲಿ ಒಬ್ಬ ನಿವೃತ್ತ ಪೊಲೀಸನ ಶವ ಸಿಗುತ್ತದೆ. ತನಿಖೆ ಕೊನೆಗೆ ಮುಟ್ಟುವುದು ಹೆಸರು ಮಾಡುತ್ತಿರುವ ಯುವ ಸಂಗೀತಗಾರ ವಗಾ ಎಂಬಾತನ ಬಳಿಗೆ. ಅವನು ಕುಷ್ಠರೋಗಿ ತಂದೆಯ ಮಗ; ಬಾಲ್ಯದಲ್ಲಿ ತಂದೆಯ ಜೊತೆ ಭಿಕ್ಷೆ ಬೇಡುತ್ತ ಅಲೆದವನು; ಆ ಗುರುತನ್ನು ಅಳಿಸಿ ಬೇರೆ ಹೆಸರಿನಲ್ಲಿ ಬದುಕು ಕಟ್ಟಿಕೊಂಡವನು. ತಂದೆಮಗನನ್ನು ಒಮ್ಮೆ ಕಾಪಾಡಿದ್ದ ಪೊಲೀಸನೇ ಆ ಹಳೆಯ ಗುರುತಿನ ಸಾಕ್ಷಿಯಾಗಿ ಎದುರು ಬಂದಾಗ ಕೊಲೆಯಾಗುತ್ತದೆ.

ಮೂಲಕೃತಿಯೆಂಬ ಹಸುವಿನ ರಕ್ತ ಮಾತ್ರ ಬೇಕೆಂದು ಯುವಕ ಹಾಶಿಮೊಟೊ ಇತಾಮಿಗೆ ಹೇಳಿದ್ದ ಮಾತು ಇಲ್ಲಿ ಕಾರ್ಯರೂಪಕ್ಕೆ ಬಂದಿದೆ. ದೀರ್ಘ ಕಾದಂಬರಿಯ ಎಷ್ಟೋ ಪ್ರಸಂಗಗಳನ್ನು, ಶಬ್ದತರಂಗದಿಂದ ಕೊಲ್ಲುವ ತಂತ್ರವನ್ನು ಹಾಶಿಮೊಟೊ ಬಿಟ್ಟುಬಿಟ್ಟರು. ಕಾದಂಬರಿಯಲ್ಲಿ ಕೆಲವೇ ಸಾಲುಗಳಲ್ಲಿ ಮುಗಿದುಹೋಗುವ ತಂದೆಮಗನ ಅಲೆದಾಟವನ್ನು ಮಾತ್ರ ಹಿಡಿದು ಚಿತ್ರದ ಕೊನೆಯ ಭಾಗಕ್ಕೆ ಹರಡಿದರು. ಆ ಭಾಗದಲ್ಲಿ ಮೂರು ಎಳೆಗಳು ಒಟ್ಟಿಗೆ ಸಾಗುತ್ತವೆ. ಬಂಧನದ ವಾರಂಟ್ ಕೋರಿ ನಡೆಯುವ ಪೊಲೀಸ್ ಸಭೆಯಲ್ಲಿ ಅಧಿಕಾರಿ ಇಮಾನಿಶಿ ತನಿಖೆಯ ವರದಿ ಓದುತ್ತಾನೆ. ಅದೇ ಹೊತ್ತಿಗೆ ಸಭಾಂಗಣದಲ್ಲಿ ವಗಾ ತನ್ನ ಹೊಸ ಕೃತಿಯನ್ನು ವಾದ್ಯವೃಂದದೊಂದಿಗೆ ಪಿಯಾನೊದಲ್ಲಿ ನುಡಿಸುತ್ತಾನೆ. ಇವೆರಡರ ನಡುವೆ ಹಿಮ, ಹೂವು, ಬಿಸಿಲು, ಕಡಲತೀರಗಳನ್ನು ದಾಟಿ ನಡೆಯುವ ತಂದೆಮಗ ಕಾಣುತ್ತಾರೆ. ಅವರ ಮಾತು ಕೇಳಿಸುವುದಿಲ್ಲ. ಈ ಕಟ್ಟು ಜಪಾನಿನ ಗೊಂಬೆಯಾಟವಾದ ಬುನ್‌ರಾಕುವಿನಿಂದ ಬಂದದ್ದೆಂದು ಹಾಶಿಮೊಟೊ ಹೇಳಿದ್ದಾರೆ. ಅಲ್ಲಿ ಕಥೆಯನ್ನು ಹಾಡಿ ಹೇಳುವವನು, ಶಾಮಿಸೆನ್ ವಾದಕ, ಗೊಂಬೆಗಳು ಪ್ರತ್ಯೇಕ. ನಮ್ಮ ಯಕ್ಷಗಾನದಲ್ಲಿ ಭಾಗವತರು ಹಾಡುವಾಗ ವೇಷಧಾರಿ ಕುಣಿಯುವಂತೆ, ಹೇಳಿಕೆ ಒಬ್ಬರದು, ಚಲನೆ ಇನ್ನೊಬ್ಬರದು. ಸಂಗೀತದ ಹೊಣೆ ಹೊತ್ತವರು ‘ರಾಶೊಮಾನ್’ ಕಥೆಗಾರನ ಮಗ ಯಾಸುಶಿ ಅಕುತಗಾವಾ. ಪಿಯಾನೊ ಕೃತಿಯನ್ನು ರಚಿಸಿದವರು ಮಿತ್ಸುಆಕಿ ಕನ್ನೊ.

ಕಾದಂಬರಿಯಲ್ಲಿ ತಂದೆ ಸತ್ತಿರುತ್ತಾನೆ. ಹಾಶಿಮೊಟೊ ಅವನನ್ನು ಆರೋಗ್ಯಧಾಮದಲ್ಲಿ ಜೀವಂತವಾಗಿ ಉಳಿಸಿದರು. ಇಮಾನಿಶಿ ಅಲ್ಲಿಗೆ ಹೋಗಿ ವಗಾನ ಭಾವಚಿತ್ರ ತೋರಿಸಿ, ಈತನನ್ನು ಬಲ್ಲೆಯಾ ಎಂದು ಕೇಳುತ್ತಾನೆ. ಮುದುಕ ಚಿತ್ರವನ್ನು ನೋಡಿ ನಡುಗುತ್ತ, ಬಿಕ್ಕಿ ಅಳುತ್ತ, ಇಂಥವನನ್ನು ಕಂಡೇ ಇಲ್ಲ ಎಂದು ಕೂಗುತ್ತಾನೆ. ‘ರಾಶೊಮಾನ್’ನ ಸಾಕ್ಷಿಗಳು ತಮ್ಮ ಮಾನಕ್ಕಾಗಿ ಸುಳ್ಳು ಹೇಳಿದರೆ ಇಲ್ಲಿ ತಂದೆ ಮಗನಿಗಾಗಿ ಸುಳ್ಳು ಹೇಳುತ್ತಾನೆ, ಆ ಸುಳ್ಳೇ ಅವನು ತಂದೆಯೆಂಬುದಕ್ಕೆ ಪುರಾವೆ. ಕುಷ್ಠರೋಗಿಗಳನ್ನು ಸಮಾಜದಿಂದ ಬೇರ್ಪಡಿಸಿ ಇಡುವ ಕಾನೂನು ಜಪಾನಿನಲ್ಲಿ ರದ್ದಾದದ್ದು 1996ರಲ್ಲಿ. ಚಿತ್ರದಿಂದ ರೋಗದ ಬಗೆಗಿನ ಅಂಜಿಕೆ ಹೆಚ್ಚೀತೆಂಬ ಕಳವಳ ರೋಗಿಗಳ ಸಂಘಟನೆಯಿಂದ ವ್ಯಕ್ತವಾದ್ದರಿಂದ ಚಿತ್ರದ ಕೊನೆಯಲ್ಲಿ ವಿವರಣೆಯ ಬರಹವನ್ನು ಸೇರಿಸಲಾಯಿತು.

ಗೆಲುವು, ಸೋಲು, ಆತ್ಮಕಥನ

1970ರ ದಶಕ ಹಾಶಿಮೊಟೊ ಅವರ ವ್ಯಾಪಾರೀ ಯಶಸ್ಸಿನ ಕಾಲ. ಸಾಕ್ಯೊ ಕೊಮಾತ್ಸು ಅವರ ಕಾದಂಬರಿಯನ್ನು ಆಧರಿಸಿ ಜಪಾನ್ ದೇಶವೇ ಕಡಲಲ್ಲಿ ಮುಳುಗುವುದನ್ನು ತೋರಿಸಿದ ‘ನಿಹೊನ್ ಚಿಂಬೊತ್ಸು’ (1973), 1902ರ ಚಳಿಗಾಲದ ಕವಾಯತಿನಲ್ಲಿ 210 ಸೈನಿಕರ ಪೈಕಿ 199 ಮಂದಿ ಹಿಮದಲ್ಲಿ ಸತ್ತ ಘಟನೆಯ ‘ಹಕ್ಕೊದಾ ಸಾನ್’ (1977), ನೊಮುರಾ ಅವರ ‘ಯಾತ್ಸುಹಕಾ ಮುರಾ’ (1977) ಭಾರೀ ಪ್ರೇಕ್ಷಕರನ್ನು ಕಂಡವು. ‘ಹಕ್ಕೊದಾ ಸಾನ್’ನ ಚಿತ್ರೀಕರಣ ನಡೆದದ್ದು ನಿಜವಾದ ಹಿಮಗಾಳಿಯಲ್ಲಿ. ಎರಡು ಸೇನಾ ತುಕಡಿಗಳು ಎದುರುಬದುರಾಗಿ ಹೊರಟು, ಒಂದು ಉಳಿದು ಇನ್ನೊಂದು ಅಳಿಯುವ ಸಮಾನಾಂತರ ಕಟ್ಟು ಅದರ ಜೀವಾಳ.

ಈ ಗೆಲುವಿನ ಬೆನ್ನಿಗೆ ದೊಡ್ಡ ಸೋಲು ಬಂತು. ತೊಹೊ ಸಂಸ್ಥೆಯ ಐವತ್ತನೆಯ ವರ್ಷದ ಚಿತ್ರವಾಗಿ ಹಾಶಿಮೊಟೊ ತಾವೇ ಬರೆದು ನಿರ್ದೇಶಿಸಿದ ‘ಮಬೊರೊಶಿ ನೊ ಮಿಜುಉಮಿ’ (1982) ಬಿವಾ ಸರೋವರದ ದಡದಲ್ಲಿ ಓಡುವ ಹೆಣ್ಣೊಬ್ಬಳು ತನ್ನ ನಾಯಿಯನ್ನು ಕೊಂದವನನ್ನು ಬೆನ್ನಟ್ಟುವ ಕಥೆ. ಅದಕ್ಕೆ ಯುದ್ಧಯುಗದ ಹಿನ್ನೋಟವೂ ಬಾಹ್ಯಾಕಾಶವೂ ಸೇರಿಕೊಂಡವು. ಎರಡೂವರೆ ಗಂಟೆ ಮೀರಿದ ಚಿತ್ರವನ್ನು ಚಿತ್ರಮಂದಿರಗಳು ಬೇಗನೆ ಎತ್ತಂಗಡಿ ಮಾಡಿದವು. ಬಹಳ ವರ್ಷಗಳ ನಂತರ ವಿಚಿತ್ರ ಚಿತ್ರಗಳನ್ನು ಹುಡುಕಿ ನೋಡುವವರ ನಡುವೆ ಅದಕ್ಕೆ ಬೇರೊಂದು ಬಗೆಯ ಹೆಸರು ಬಂತು. ಕರಡನ್ನು ಓದಿ ಬೇಡವೆನ್ನುವ ಒಗುನಿಯಂಥವರು ಪಕ್ಕದಲ್ಲಿಲ್ಲದಾಗ ಅಳತೆ ತಪ್ಪುವುದಕ್ಕೆ ಈ ಚಿತ್ರ ನಿದರ್ಶನವಾಯಿತು.

2006ರಲ್ಲಿ ಪ್ರಕಟವಾದ ಆತ್ಮಕಥನ ‘ಫುಕುಗಾನ್ ನೊ ಏಜೊ’ ಕುರೊಸಾವಾ ಬಳಗದ ಬರವಣಿಗೆಯ ಕ್ರಮಕ್ಕೆ ಒಳಗಿನವರು ಕೊಟ್ಟ ಸಾಕ್ಷ್ಯ. ಒಬ್ಬ ಬರಹಗಾರ ಮೊದಲ ಕರಡು ಬರೆದು, ಅದರ ಮೇಲೆ ಉಳಿದವರು ಕೂತು ಮರುರೂಪಿಸುವುದು ಹಳೆಯ ಪದ್ಧತಿ. ಕರಡೇ ಇಲ್ಲದೆ ಎಲ್ಲರೂ ಕೂಡಿ ನೇರವಾಗಿ ಅಂತಿಮ ಪ್ರತಿಗೆ ಕೈಹಾಕುವುದು ಆಮೇಲಿನ ಪದ್ಧತಿ. ‘ಇಕಿರು’, ‘ಸೆವೆನ್ ಸಮುರಾಯ್’ ಮೊದಲನೆಯದರ ಫಲ, 1955ರ ‘ಇಕಿಮೊನೊ ನೊ ಕಿರೊಕು’ ಚಿತ್ರದಿಂದ ಎರಡನೆಯದು ಶುರುವಾಯಿತು, ಅಲ್ಲಿಂದ ಬರವಣಿಗೆ ಸಡಿಲವಾಯಿತು ಎಂಬುದು ಹಾಶಿಮೊಟೊ ಅವರ ವಾದ. ಕುರೊಸಾವಾ ಅವರ ಕೊನೆಯ ಘಟ್ಟದ ಚಿತ್ರಗಳನ್ನೂ ಅವರು ಮುಲಾಜಿಲ್ಲದೆ ಟೀಕಿಸಿದರು. ತಮ್ಮ ವಿರುದ್ಧದ ಸಾಕ್ಷ್ಯವನ್ನೂ ಅದೇ ಪುಸ್ತಕದಲ್ಲಿ ದಾಖಲಿಸಿದರು: ಹಾಶಿಮೊಟೊ ಸಿಗದೇ ಇದ್ದಿದ್ದರೆ ಕುರೊಸಾವಾ ಸಿನಿಮಾದ ಶುದ್ಧ ಸೊಗಸಿನಲ್ಲಿ ಇನ್ನೂ ಎತ್ತರಕ್ಕೆ ಹೋಗುತ್ತಿದ್ದರು ಎಂದು ನೊಮುರಾ ಹಾಶಿಮೊಟೊ ಅವರ ಎದುರೇ ಹೇಳಿದ್ದರಂತೆ.

ಚಿಪ್ಪುಜೀವಿಯಾಗಬಯಸಿದ ಕ್ಷೌರಿಕನ ನಾಟಕ ‘ವತಾಶಿ ವ ಕಾಯ್ ನಿ ನರಿತಾಯ್’ ಅನ್ನು ಹಾಶಿಮೊಟೊ ತಾವೇ ತಿದ್ದಿ ಬರೆದು, 2008ರಲ್ಲಿ, ತೊಂಬತ್ತನೆಯ ವಯಸ್ಸಿನಲ್ಲಿ, ಮತ್ತೆ ಚಲನಚಿತ್ರವಾಗಲು ಕೊಟ್ಟರು. ಅಮೆರಿಕದ ಚಿತ್ರಕಥೆಗಾರರ ಸಂಘ 2013ರಲ್ಲಿ ಕುರೊಸಾವಾ, ಹಾಶಿಮೊಟೊ, ಒಗುನಿ, ಕಿಕುಶಿಮಾ ನಾಲ್ವರಿಗೂ ಒಟ್ಟಾಗಿ ಜಾನ್ ರೆನ್ವಾರ್ ಪ್ರಶಸ್ತಿ ಕೊಟ್ಟಿತು. ಉಳಿದ ಮೂವರೂ ಅಷ್ಟರಲ್ಲಿ ತೀರಿಕೊಂಡಿದ್ದರು. ಹುಟ್ಟೂರಾದ ಇಚಿಕಾವಾದಲ್ಲಿ ಹಾಶಿಮೊಟೊ ಹೆಸರಿನ ಸ್ಮಾರಕ ವಸ್ತುಸಂಗ್ರಹಾಲಯವಿದೆ. 2018ರ ಜುಲೈ 19ರಂದು ಟೋಕಿಯೊದಲ್ಲಿ, ನೂರು ವರ್ಷ ತುಂಬಿದ ಮೂರು ತಿಂಗಳಿಗೆ, ಶಿನೊಬು ಹಾಶಿಮೊಟೊ ನಿಧನರಾದರು.